ಎರಡು ಸುತ್ತು

ತಗಡಿನ ಡಬ್ಬಿ ಅವನ ಎರಡು ಪಾದಗಳ ನಡುವೆ ಇತ್ತು. ಸುತ್ತಲೂ ಕಪ್ಪು ಪಟ್ಟಿ, ಮುಚ್ಚಳದ ಮೇಲೆ ಅವನದೇ ಕೈಬರಹದಲ್ಲಿ ದೃಶ್ಯದ ಸಂಖ್ಯೆ. ಬೆಳಿಗ್ಗೆ ತೆಗೆದ ಕತ್ತಿಕಾಳಗದ ಫಿಲ್ಮು ಅದರೊಳಗೆ ಸುರುಳಿ ಸುತ್ತಿಕೊಂಡು ಮಲಗಿದೆ, ಸಂಜೆಗೆ ಅದನ್ನು ತೊಳೆದು ಸ್ಟುಡಿಯೊದಲ್ಲಿ ಎಲ್ಲರಿಗೂ ತೋರಿಸುತ್ತಾರೆ ಎಂಬುದು ಇಸೊಕಿಚಿಗೆ ತಣ್ಣನೆಯ ಅನ್ನದ ಪ್ರತಿ ತುತ್ತಿಗೂ ನೆನಪಾಗುತ್ತಿತ್ತು. ದೇವಾಲಯದ ಹಿಂಗೋಡೆಯ ಉದ್ದಕ್ಕೂ ಬಿಸಿಲಿದ್ದ ಕಡೆ ಎಲ್ಲರೂ ಊಟಕ್ಕೆ ಕೂತಿದ್ದರು. ಬೆಳಿಗ್ಗೆ ಸತ್ತ ಹನ್ನೆರಡು ಮಂದಿ ಹೊಡೆದಾಟದವರು ವಿಗ್ಗಿನ ಜುಟ್ಟು ಅಲುಗಾಡದ ಹಾಗೆ ಕತ್ತು ನೆಟ್ಟಗಿಟ್ಟುಕೊಂಡು ಉಪ್ಪಿನಕಾಯಿ ಮೂಲಂಗಿ ಕಡಿಯುತ್ತಿದ್ದರು. ಅವರಲ್ಲೊಬ್ಬ, "ಇವತ್ತು ಸಾಯೋಕೂ ಪುರುಸೊತ್ತು ಸಿಗ್ಲಿಲ್ಲ ಕಣ್ರೋ, ಯಾರು ಮೊದ್ಲು ಬೀಳ್ಬೇಕು ಅಂತ ತಿಳಿಯೋ ಅಷ್ಟರಲ್ಲಿ ನಾನು ಹೆಣ," ಎಂದ. ಉಳಿದವರು ನಕ್ಕರು. ಇಸೊಕಿಚಿಯ ಕಿವಿ ಬಿಸಿಯಾಯಿತು. ನಾಯಕನಟ ಗೆನ್ನೊಜೊ ಯಜಮಾನರ ಕತ್ತಿ ತಡವಾಗಿ ಬಂದು ಬೀಳುವವರ ಸರದಿ ಕೆಟ್ಟಿರಬೇಕು, ಅದನ್ನೇ ಸುತ್ತಿ ಬಳಸಿ ಆಡುತ್ತಿದ್ದಾರೆ ಎಂದುಕೊಂಡ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವ ಸ್ಥಿತಿ ಅವನದಾಗಿತ್ತು. ಪಾದಗಳನ್ನು ಇನ್ನಷ್ಟು ಹತ್ತಿರ ಸರಿಸಿ ಡಬ್ಬಿಯನ್ನು ಬಿಗಿ ಹಿಡಿದ.

ಹದಿನೇಳು ವರ್ಷದಿಂದ ಕ್ಯಾಮೆರಾದ ಹಿಡಿಕೆ ತಿರುಗಿಸುತ್ತಿದ್ದ ಕೈ ಅವನದು. ಸೆಕೆಂಡಿಗೆ ಎರಡು ಸುತ್ತು ತಿರುಗಿಸಿದರೆ ಮನುಷ್ಯ ತೆರೆಯ ಮೇಲೂ ಮನುಷ್ಯನ ಹಾಗೇ ನಡೆಯುತ್ತಾನೆ. ಅದನ್ನು ಒಂದೂವರೆಗೆ ಇಳಿಸಿದರೆ ಬೀಳುವ ಚಿತ್ರಗಳು ಕಡಿಮೆ, ತೋರಿಸುವ ಓಟ ಮಾತ್ರ ಅದೇ, ಹಾಗಾಗಿ ಅದೇ ಮನುಷ್ಯ ತೆರೆಯ ಮೇಲೆ ಚುರುಕಾಗುತ್ತಾನೆ. ಕೈ ಎತ್ತಿದ್ದು ಕಾಣುವ ಮೊದಲೇ ಕತ್ತಿ ಇಳಿದಿರುತ್ತದೆ. ಇದನ್ನು ಎಲ್ಲ ಕ್ಯಾಮೆರಾದವರೂ ಬಲ್ಲರು, ಎಲ್ಲರೂ ಅಷ್ಟಿಷ್ಟು ಮಾಡುತ್ತಾರೆ. ಆದರೆ ಹಯಾಸೆ ಗೆನ್ನೊಜೊನ ವಿಷಯ ಬೇರೆ. ಆರು ವರ್ಷದ ಹಿಂದೆ ಕುದುರೆಯಿಂದ ಬಿದ್ದು ಬಲಭುಜ ಮುರಿದುಕೊಂಡು ಮೂರು ತಿಂಗಳ ಮೇಲೆ ಬಂದಾಗ, ಮೊದಲ ದಿನದ ಮೊದಲ ಹೊಡೆತದಲ್ಲೇ ಇಸೊಕಿಚಿಗೆ ಗೊತ್ತಾಗಿಹೋಯಿತು: ಆ ಕೈ ಇನ್ನು ಮೊದಲಿನ ಕೈ ಅಲ್ಲ. ಯಾರನ್ನೂ ಕೇಳದೆ ಹಿಡಿಕೆಯನ್ನು ಇಳಿಸಿದ. ತೆರೆಯ ಮೇಲೆ ನೋಡಿದವರು ಬೆರಗಾದರು, ಮುಂಚಿಗಿಂತ ಚುರುಕು ಎಂದರು. ಚಿತ್ರಮಂದಿರಗಳಲ್ಲಿ ಮಾತಿಲ್ಲದ ಚಿತ್ರಕ್ಕೆ ತೆರೆಯ ಪಕ್ಕ ನಿಂತು ಕಥೆ ಹೇಳುವವರು 'ಮಿಂಚಿನ ಕೈ' ಎಂದು ಗಂಟಲು ಹರಿದುಕೊಂಡರು, ಭಿತ್ತಿಪತ್ರಗಳಲ್ಲೂ ಅದೇ ಬಂತು. ಆರು ವರ್ಷದಲ್ಲಿ ಆ ಬಗ್ಗೆ ಇವನೂ ಮಾತೆತ್ತಲಿಲ್ಲ, ಗೆನ್ನೊಜೊನೂ ಎತ್ತಲಿಲ್ಲ. ಪಾಪ, ತನ್ನ ಕೈ ನಿಜಕ್ಕೂ ಮಿಂಚು ಎಂದೇ ನಂಬಿದ್ದಾನೆ ಎಂದು ಇಸೊಕಿಚಿಗೆ ಮೊದಮೊದಲು ಮರುಕವಿತ್ತು. ಬರಬರುತ್ತ ಆ ಮರುಕ ಹುಳಿಯಾಯಿತು. ಭಿತ್ತಿಪತ್ರದ ಮುಂದೆ ನಿಂತಾಗೆಲ್ಲ ತನ್ನ ಮಣಿಕಟ್ಟನ್ನು ನೋಡಿಕೊಳ್ಳುವುದು, ಮಿಂಚು ಇರುವುದು ಇಲ್ಲಿ ಎಂದು ಮನಸ್ಸಿನಲ್ಲೇ ಹಲ್ಲು ಕಿರಿಯುವುದು ಅಭ್ಯಾಸವಾಯಿತು. ಹೀಗೆ ಹಲ್ಲು ಕಿರಿದ ದಿನ ಗೆನ್ನೊಜೊನಿಗೆ ಇನ್ನಷ್ಟು ಬಗ್ಗಿ ನಮಸ್ಕರಿಸುತ್ತಿದ್ದ.

ಬೆಳಿಗ್ಗೆ ಮೋಡ ಕವಿದಿತ್ತು. ಬಿಸಿಲಿಗೆ ಕಾಯುತ್ತ ಎಲ್ಲರೂ ಬೆಂಕಿಯ ಸುತ್ತ ನಿಂತಿದ್ದರು. ಸಿನಿಮಾ ಪತ್ರಿಕೆಯವನೊಬ್ಬ ನೋಟುಪುಸ್ತಕ ಹಿಡಿದು ಬಂದಿದ್ದ. ಗೆನ್ನೊಜೊ ಬಿಳಿ ಬಣ್ಣ ಬಳಿದ ಮುಖದಲ್ಲಿ ಕಣ್ಣನ್ನಷ್ಟೇ ನಗಿಸುತ್ತ ಇಸೊಕಿಚಿಯ ಬೆನ್ನು ತಟ್ಟಿದ. "ಇವನ ಬಗ್ಗೇನೂ ಬರ್ಕೊಳಪ್ಪ. ಇವನಪ್ಪ ಸೋಯಾ ಕಾಳಿನ ತೋಫು ಮಾಡ್ತಿದ್ದ. ಕಾಳು ರುಬ್ಬೋ ಕಲ್ಲು ತಿರುಗಿಸ್ತಿದ್ದೋನ್ನ ತಂದು ಕ್ಯಾಮೆರಾ ಹಿಂದೆ ನಿಲ್ಸಿದ್ದು ನಾನು. ಅವತ್ತಿಂದ ಇವತ್ತಿನವರ್ಗೂ ಹಂಗೇ ತಿರುಗಿಸ್ತಾನೆ. ಎದುರಿಗೆ ನಾನು ಏನ್ ಮಾಡಿದ್ರೂ ಇವನಿಗೆ ಒಂದೇ. ಬರೀ ಕಾಳು!" ಎಲ್ಲರೂ ಗೊಳ್ಳೆಂದರು. ಪತ್ರಿಕೆಯವನು ಬರೆದುಕೊಂಡ. ಇಸೊಕಿಚಿ ಕೂಡ ನಕ್ಕ. ನಕ್ಕದ್ದೇ ಆಮೇಲೆ ಉರಿದದ್ದು. ಬೈದಿದ್ದರೆ ಸಹಿಸಬಹುದಿತ್ತು, ಎಲ್ಲರ ಜತೆ ಸೇರಿ ತಾನೂ ತನ್ನ ಅಪ್ಪನನ್ನು ಕುರಿತು ನಕ್ಕಿದ್ದ. ಅಪ್ಪ ಬೆಳಗಿನ ಜಾವ ಒಳಕೋಣೆಯಲ್ಲಿ ಒಲೆ ಹಚ್ಚುತ್ತ ಕೂತಿರುತ್ತಿದ್ದ, ಹೊರಗೆ ಹತ್ತು ವರ್ಷದ ಇಸೊಕಿಚಿ ಕಲ್ಲು ತಿರುಗಿಸುತ್ತಿದ್ದ. ನಿದ್ದೆ ತೂಗಿ ಕೈ ಚೂರು ನಿಧಾನವಾದರೆ ಗೋಡೆಯಾಚೆಯಿಂದಲೇ, "ಇಳೀತು ನೋಡು," ಎನ್ನುತ್ತಿದ್ದ ಅಪ್ಪ. ನೋಡದೆಯೇ ಹೇಗೆ ಗೊತ್ತಾಗುತ್ತದೆ ಎಂದು ಕೇಳಿದರೆ, ರುಬ್ಬುವವನ ಮನಸ್ಸು ಎಲ್ಲಿದೆ ಅಂತ ಕಲ್ಲೇ ಹೇಳುತ್ತದೆ ಎನ್ನುತ್ತಿದ್ದ. ಆ ಅಪ್ಪ ಸತ್ತು ಒಂಬತ್ತು ವರ್ಷವಾಗಿತ್ತು.

ಆಮೇಲೆ ಬಿಸಿಲು ಬಂತು. ನಿರ್ದೇಶಕ ನುಮಾತಾ ಬಾಯಿಗೆ ತಗಡಿನ ಕೊಳವೆ ಹಿಡಿದು ಕೂಗಿದ, ಹನ್ನೆರಡು ಮಂದಿ ಕತ್ತಿ ಹಿರಿದರು, ಇಸೊಕಿಚಿಯ ಕೈ ಹೊರಟಿತು. ಹೊರಟ ಮೇಲೆ ಅವನಿಗೆ ಗೊತ್ತಾಯಿತು, ಅದು ಎರಡು ಸುತ್ತಿನಲ್ಲಿ ತಿರುಗುತ್ತಿದೆ. ಕೈ ತಾನಾಗಿ ಹೋಯಿತೋ ತಾನೇ ಕಳಿಸಿದನೋ ಎಂದು ಈಗ ಮೂಲಂಗಿಯ ತುಂಡನ್ನು ಬಾಯಲ್ಲಿಟ್ಟುಕೊಂಡು ಎಷ್ಟು ಕೇಳಿಕೊಂಡರೂ ಉತ್ತರ ಸಿಗುತ್ತಿರಲಿಲ್ಲ. ನಡುವೆ ಥಟ್ಟನೆ ಇಳಿಸಿದರೆ ತೆರೆಯ ಮೇಲೆ ಮುಗ್ಗರಿಸಿದಂತೆ ಕಾಣುತ್ತದೆ. ಅದಕ್ಕೇ ಎರಡರಲ್ಲೇ ತಿರುಗಿಸಿದ, ಅದೂ ಒಂದಿಷ್ಟೂ ಅಲುಗದ ಎರಡು, ಅಪ್ಪ ಮೆಚ್ಚುವಂಥ ಎರಡು. ಕಣ್ಣು ಪೂರ್ತಿ ಹಿಡಿಕೆಯ ಮೇಲಿತ್ತು. ಎದುರಿನ ಧೂಳಿನಲ್ಲಿ ಕತ್ತಿಗಳು ಏನು ಮಾಡುತ್ತಿವೆ ಎಂದು ನೋಡಲಿಲ್ಲ. ನೋಡುವುದೇನಿದೆ, ಐವತ್ತೆರಡರ ಮುದುಕ ಮುರಿದ ಭುಜದಿಂದ ಬಿದಿರಿನ ಕತ್ತಿಯನ್ನು ಹೊಲದ ಕೆಲಸದವನ ಹಾಗೆ ಎತ್ತಿ ಇಳಿಸುತ್ತಿರುತ್ತಾನೆ. ಇವತ್ತು ಊರಿಗೆಲ್ಲ ಗೊತ್ತಾಗಲಿ ಎಂದು ಒಂದು ಕ್ಷಣ ಅನ್ನಿಸಿದ್ದು ನಿಜ. ಆ ಕ್ಷಣದಲ್ಲಿ ಸುಖವಾಗಿದ್ದದ್ದೂ ನಿಜ. ಮಾತು ಬರುವ ಸಿನಿಮಾ ಇನ್ನೇನು ಬಂದೇಬಿಟ್ಟಿತು, ಹಳೆಯ ನಟರನ್ನು ಯಾರ್‍ಯಾರನ್ನು ಮನೆಗೆ ಕಳಿಸಬೇಕು ಎಂದು ಮೇಲಿನವರು ನೋಡುತ್ತಿದ್ದ ಕಾಲ ಅದು. ಸಂಜೆ ಈ ಸುರುಳಿ ತೆರೆಯ ಮೇಲೆ ಓಡಿದರೆ ಹಯಾಸೆ ಗೆನ್ನೊಜೊನ ಕಥೆ ಮುಗಿದಂತೆಯೇ.

"ಇಸೊ."

ತಲೆ ಎತ್ತಿದರೆ ಗೆನ್ನೊಜೊ ಎದುರಿಗೇ ನಿಂತಿದ್ದ. ಬಲಗೈಯನ್ನು ಕಿಮೊನೊ ತೋಳಿನೊಳಗೆ ಎಳೆದುಕೊಂಡು ಎಡಗೈಯಲ್ಲಿ ಊಟದ ಡಬ್ಬಿ ಹಿಡಿದಿದ್ದ. ದೊಡ್ಡಸ್ತಿಕೆಯ ಪಾತ್ರಗಳಲ್ಲಿ ಹಾಗೆ ಕೈ ಒಳಗಿಟ್ಟುಕೊಂಡು ನಿಲ್ಲುವುದು ಅವನ ಠೀವಿ. "ತಗೋ," ಎಂದು ಡಬ್ಬಿಯನ್ನು ಮುಂದೆ ಹಿಡಿದ. ದೋಸೆಯಂತೆ ಹೊಯ್ದು ಸುರುಳಿ ಸುತ್ತಿದ ಮೊಟ್ಟೆಯ ಎರಡು ತುಂಡುಗಳಿದ್ದವು. ಹದಿನೇಳು ವರ್ಷದಲ್ಲಿ ಗೆನ್ನೊಜೊ ತನ್ನ ಡಬ್ಬಿಯಿಂದ ಇವನಿಗೆ ಒಂದಗುಳು ಕೊಟ್ಟವನಲ್ಲ.

"ಬೇಡಿ ಯಜಮಾನ್ರೇ, ನಂದು ಆಯ್ತು."

"ತಿನ್ನೋ. ನಮ್ಮಾಕೆ ಮಾಡಿದ್ದು, ಸ್ವಲ್ಪ ಸಿಹಿ ಜಾಸ್ತಿ." ಇಸೊಕಿಚಿ ಒಂದು ತುಂಡು ತೆಗೆದುಕೊಂಡ. ಗೆನ್ನೊಜೊ ಅವನು ಅಗಿಯುವುದನ್ನೇ ನೋಡುತ್ತ ನಿಂತ, ಆಮೇಲೆ ಪಾದಗಳ ನಡುವಿನ ಡಬ್ಬಿಯನ್ನು ನೋಡಿದ. "ಜೋಪಾನ," ಎಂದು ಹೊರಟುಹೋದ. ಬೆಳಿಗ್ಗೆಯ ಮಾತಿಗೆ ಪ್ರಾಯಶ್ಚಿತ್ತವೇ ಇದು? ಅಥವಾ ಕಾಳು ರುಬ್ಬುವವನಿಗೆ ಬಾಯಿ ಸಿಹಿ ಮಾಡಿ ಇನ್ನೊಂದು ಸಲ ಅವಮಾನವೇ? ಸಕ್ಕರೆ ಹೆಚ್ಚಾದ ಆ ಮೊಟ್ಟೆ ನಾಲಗೆಗೆ ಅಂಟಿತು. ಅದನ್ನು ನುಂಗುವಾಗ ಇಸೊಕಿಚಿ ತೀರ್ಮಾನ ಮಾಡಿದ. ಈ ಸುರುಳಿಯನ್ನು ಯಾರೂ ನೋಡಕೂಡದು.

ಫಿಲ್ಮನ್ನು ಕ್ಯಾಮೆರಾದವನೇ ತೊಳೆಯುವ ಮನೆಗೆ ಒಯ್ಯುವುದು ಅಲ್ಲಿನ ಪದ್ಧತಿ. ಸೈಕಲ್ಲಿನ ಹಿಂದೆ ಡಬ್ಬಿ ಕಟ್ಟಿ ತುಳಿದ. ಕಟಾವಾದ ಗದ್ದೆಗಳ ನಡುವಿನ ದಾರಿಯಲ್ಲಿ ಎರಡು ಸಲ ನಿಂತು, ಡಬ್ಬಿ ಬಿದ್ದಿಲ್ಲವಷ್ಟೆ ಎಂದು ಹಿಂದೆ ನೋಡಿದ. ಬಿದ್ದು ತೆರೆದುಕೊಳ್ಳಲಿ ಎಂದು ಒಂದು ಕಡೆ ಬೇಡಿಕೊಳ್ಳುತ್ತಿದ್ದವನು ಹಗ್ಗವನ್ನು ಇನ್ನಷ್ಟು ಬಿಗಿದ. ಕೈಗೆ ಹದಿನೇಳು ವರ್ಷದ ಅಭ್ಯಾಸ, ಅದು ಮನಸ್ಸಿನ ಮಾತು ಎಲ್ಲಿ ಕೇಳುತ್ತದೆ. ಎದುರಿಗೆ ಬಂದ ಎತ್ತಿನ ಗಾಡಿಯವನು, "ಏನಪ್ಪಾ, ಇವತ್ತು ಎಷ್ಟು ಜನನ್ನ ಕಡಿದ್ರಿ?" ಎಂದು ಕೇಳಿದ. ಆ ಊರಿನವರೆಲ್ಲ ಹಾಗೇ ಕೇಳುವುದು. "ಹನ್ನೆರಡು," ಎಂದ ಇಸೊಕಿಚಿ.

ತೊಳೆಯುವ ಮನೆಯ ಕುಸಾಕಾ ಬಾಗಿಲಲ್ಲಿ ಕೂತು ಉಗುರು ಕತ್ತರಿಸಿಕೊಳ್ಳುತ್ತಿದ್ದ. ರಾಸಾಯನಿಕಕ್ಕೆ ಕಂದಿಹೋದ ಅವನ ಬೆರಳುಗಳು ಹುರಿದ ಕಡಲೆಯ ಬಣ್ಣಕ್ಕಿದ್ದವು. "ಕೊಡು ಇಲ್ಲಿ, ಈಗ್ಲೇ ಹಾಕ್ತೀನಿ," ಎಂದ.

"ನಾನೇ ಕತ್ತಲೆ ಕೋಣೇಲಿ ತೊಳೆಯೋ ಚೌಕಟ್ಟಿಗೆ ಸುತ್ತಿಡ್ತೀನಿ. ನಿನ್ನ ಉಗುರು ಮುಗೀಲಿ."

"ಏನೋ ಇವತ್ತು ಇಷ್ಟು ಪ್ರೀತಿ?"

ಒಳಗೆ ಹೋಗಿ ಬಾಗಿಲು ಹಾಕಿ ಕೆಂಪು ದೀಪದಲ್ಲಿ ನಿಂತ. ಡಬ್ಬಿ ಬಿಚ್ಚಿದ. ಫಿಲ್ಮಿನ ಹುಳಿವಾಸನೆ ಮೂಗಿಗೆ ಬಂತು. ಕೈ ಮತ್ತೆ ತನ್ನ ಅಭ್ಯಾಸಕ್ಕೇ ಹೋಯಿತು: ಸುರುಳಿಯ ಹೊರತುದಿಯಲ್ಲಿದ್ದ ಕೊನೆಯ ಒಂದಡಿಯನ್ನು ಹರಿದು, ಬೆಳಕು ಸರಿ ಬಿದ್ದಿದೆಯೇ ಎಂದು ನೋಡಲು ತೊಟ್ಟಿಯಲ್ಲಿ ಅದ್ದಿತು. ಹಾಲಿನ ಬಣ್ಣದ ಪಟ್ಟಿಯ ಮೇಲೆ ನಿಧಾನವಾಗಿ ಕಪ್ಪು ಮೂಡಿತು. ಹದಿನಾರು ಪುಟ್ಟ ಚಿತ್ರಗಳು, ಹದಿನಾರರಲ್ಲೂ ಒಂದೇ: ಕಾಳಗ ಮುಗಿದಿದೆ, ಸುತ್ತ ಹನ್ನೆರಡು ಹೆಣ, ನಡುವೆ ಗೆನ್ನೊಜೊ ಕತ್ತಿ ಇಳಿಬಿಟ್ಟು ನಿಂತಿದ್ದಾನೆ. ಬಿಳಿ ಮುಖ ಇಲ್ಲಿ ಕಪ್ಪು, ಕಪ್ಪು ಜುಟ್ಟು ಇಲ್ಲಿ ಬಿಳಿ. ಬಾಯಿ ತೆರೆದಂತಿತ್ತು, ನಗುತ್ತಿದ್ದಾನೋ ಏದುಸಿರೋ ತಿಳಿಯಲಿಲ್ಲ. ಉಳಿದದ್ದನ್ನೂ ಅದ್ದಿ ನೋಡಬಹುದಿತ್ತು. ಅರ್ಧ ಗಂಟೆಯ ಕೆಲಸ. ನೋಡಿದರೆ ಆ ಮುದಿಕೈಯನ್ನು ನೋಡಬೇಕಾಗುತ್ತದೆ, ತಾನು ಮಾಡಿದ್ದನ್ನೂ ನೋಡಬೇಕಾಗುತ್ತದೆ, ಅದಕ್ಕೆ ತನಗೆ ಧೈರ್ಯವಿಲ್ಲ ಎಂದು ಇಸೊಕಿಚಿಗೆ ಸ್ಪಷ್ಟವಾಗಿ ತಿಳಿದಿತ್ತು. ಚಿತ್ರ ಅಳಿಯದಂತೆ ಪಟ್ಟಿಯನ್ನು ಇನ್ನೊಂದು ತೊಟ್ಟಿಯಲ್ಲೂ ಅದ್ದಿ, ಒರೆಸಿ ತೋಳಿನ ಜೇಬಿಗೆ ಹಾಕಿಕೊಂಡ. ಸುರುಳಿಯನ್ನು ಡಬ್ಬಿಗಿಟ್ಟು, ಹಿಂಬಾಗಿಲಿನಿಂದ ಬಾವಿಕಟ್ಟೆಗೆ ಬಂದು, ಮುಚ್ಚಳ ತೆಗೆದು, ಕೈತುಂಬ ಬಿಚ್ಚಿ ಬಿಸಿಲಿಗೆ ಹಿಡಿದ. ಬೆಳಕಿಗೆ ಚಿತ್ರಗಳೆಲ್ಲ ಹೋದರೂ ಫಿಲ್ಮು ಕಣ್ಣಿಗೆ ಹಾಗೇ ಹಾಲಿನ ಬಣ್ಣದಲ್ಲೇ ಇತ್ತು. ಸದ್ದಿಲ್ಲ, ಹೊಗೆಯಿಲ್ಲ. ಬಾವಿಯ ರಾಟೆಯ ಮೇಲೆ ಗುಬ್ಬಚ್ಚಿ ಕೂತಿತ್ತು. ಅದಾದ ಮೇಲೆ ಎಲ್ಲವನ್ನೂ ಸುತ್ತಿ ಮುಚ್ಚಳ ಹಾಕಿದ.

"ಕುಸಾಕಾ, ಮುಚ್ಚಳ ಸರಿಯಾಗಿ ಕೂತಿರ್ಲಿಲ್ಲ ಕಣಯ್ಯ. ಬೆಳಕು ಹೊಕ್ಕಿದೆ. ಪೂರ್ತಿ ಹೋಯ್ತು."

ಕುಸಾಕಾ ಉಗುರು ಕತ್ತರಿಸುವುದನ್ನು ನಿಲ್ಲಿಸಿದ. "ಹದಿನೇಳು ವರ್ಷದಲ್ಲಿ ಇದೇ ಮೊದ್ಲು, ನೀನು ಮುಚ್ಚಳ ಸರಿಯಾಗಿ ಹಾಕ್ಲಿಲ್ವಾ? ತುದಿ ಚೂರು ಅದ್ದಿ ನೋಡ್ದ್ಯಾ?"

"ನೋಡ್ದೆ. ಬರೀ ಕಪ್ಪು."

"ಎಲ್ಲಿ?"

"ಬಿಸಾಕ್ದೆ." ಹೇಳುವಾಗ ಎಡಗೈ ತೋಳಿನ ಜೇಬನ್ನು ಹಿಡಿದುಕೊಂಡಿತ್ತು. ಕುಸಾಕಾ ಆ ಕೈಯನ್ನು ನೋಡಿದ, ಮುಖವನ್ನು ನೋಡಿದ, ಮತ್ತೆ ಉಗುರಿಗೆ ಬಗ್ಗಿದ. "ಹೋಗಿ ಹೇಳು ಮತ್ತೆ. ಬೈಸ್ಕೊಳೋದು ನೀನು, ನಾನಲ್ಲ," ಎಂದ.

ನುಮಾತಾ ಬೈಯಲಿಲ್ಲ. ಅದೇ ಕಷ್ಟವಾಯಿತು. ಇಸೊಕಿಚಿ ದೇವಾಲಯದ ಹಿಂಗೋಡೆಯ ಬಳಿ ಎಲ್ಲರೆದುರಿಗೆ ಮಂಡಿಯೂರಿ ಹಣೆ ನೆಲಕ್ಕೆ ಹಚ್ಚಿದಾಗ, ನಿರ್ದೇಶಕ ಕೊಳವೆಯನ್ನು ಕೈಯಲ್ಲಿ ತಿರುಗಿಸುತ್ತ ನಿಂತಿದ್ದ. ಕೊನೆಗೆ, "ಯಾವ ಸಲ ಹಾಳಾಗ್ಬಾರ್ದಿತ್ತೋ ಆ ಸಲಾನೇ ಹಾಳ್ಮಾಡ್ದೆ," ಎಂದ. ನಿರ್ದೇಶಕರು ಯಾವುದು ಹಾಳಾದರೂ ಹೀಗೇ ಅನ್ನುತ್ತಾರೆ ಎಂದುಕೊಂಡ ಇಸೊಕಿಚಿ. ಹೊಡೆದಾಟದವರು ಮತ್ತೆ ಸಾಯಬೇಕಲ್ಲ ಎಂದು ಗೊಣಗುತ್ತ ಎದ್ದರು. ಹಣೆ ಮಣ್ಣಿನಲ್ಲಿದ್ದರೂ ಓರೆಗಣ್ಣಿಗೆ ಗೆನ್ನೊಜೊನ ಹುಲ್ಲಿನ ಚಪ್ಪಲಿ ಕಾಣುತ್ತಿತ್ತು. ಅದು ಬಹಳ ಹೊತ್ತು ಅಲುಗಲಿಲ್ಲ. ತಾನು ಇವನನ್ನು ಉಳಿಸಿದ್ದೇನೆ, ಇವನಿಗೆ ಗೊತ್ತೂ ಇಲ್ಲ ಎಂಬ ಹಳೆಯ ಹುಳಿ ಸುಖ ಆ ಮಣ್ಣಿನಲ್ಲೂ ಒಂದು ಸಲ ಇಸೊಕಿಚಿಯ ಎದೆಯಲ್ಲಿ ಮೂಡಿತು.

"ಬಿಸಿಲು ಇಳೀತಿದೆ," ಎಂದ ಗೆನ್ನೊಜೊ. "ಇನ್ನೊಂದ್ಸಲ ಮಾಡೋಣ. ಏಳೋ."

ಮೂರು ಗಂಟೆಯ ಬಿಸಿಲು ಗೋಡೆಯ ಮೇಲ್ಭಾಗಕ್ಕೆ ಏರಿತ್ತು. ನುಮಾತಾ ಕೂಗಿದ. ಇಸೊಕಿಚಿ ಹಿಡಿಕೆಯನ್ನು ಒಂದೂವರೆಗೆ ಹೊರಡಿಸಿದ, ಕ್ಯಾಮೆರಾ ತನ್ನ ಹಳೆಯ ಕಟಕಟವನ್ನು ನಿಧಾನಕ್ಕೆ ಶುರು ಮಾಡಿತು. ಈ ಸಲ ನೋಡಿದ. ಗೆನ್ನೊಜೊ ಕತ್ತಿಯ ಹಿಡಿಗೆ ಕೈ ಹಾಕಿದವನು ಒಂದು ಗಳಿಗೆ ತಡೆದು ಕ್ಯಾಮೆರಾದ ಕಡೆ ತಿರುಗಿದ. ಕತ್ತಿ ಹಿರಿಯುವಾಗ ಯಾವ ನಟನೂ ಹಾಗೆ ತಿರುಗುವುದಿಲ್ಲ. ಆಮೇಲೆ ಹಿರಿದ. ಬಲಗೈ ತಾನಾಗಿ ಎದೆಯ ಮಟ್ಟದಿಂದ ಮೇಲೆ ಏಳಲೇ ಇಲ್ಲ. ಎಡಗೈಯಿಂದ ಮೊಣಕೈಯನ್ನು ತಳ್ಳಿ ತಳ್ಳಿ ಎತ್ತುತ್ತಿದ್ದ, ಒಂದೊಂದು ಹೊಡೆತಕ್ಕೂ ಹಲ್ಲು ಕಚ್ಚುತ್ತಿದ್ದ, ಬೀಳುವವರು ಅವನ ಕತ್ತಿಗೆ ಕಾದು ಕಾದು ಬೀಳುತ್ತಿದ್ದರು. ಇಷ್ಟು ಕೆಟ್ಟದಾಗಿ ಅವನು ಎಂದೂ ಮಾಡಿರಲಿಲ್ಲ. ಇಸೊಕಿಚಿ ಹಿಡಿಕೆಯನ್ನು ಸ್ವಲ್ಪ ಸ್ವಲ್ಪವಾಗಿ ಇನ್ನೂ ಇಳಿಸಿದ, ಒಂದೂಕಾಲು, ಒಂದು. ತೆರೆಯ ಮೇಲೆ ಸರಿಹೋಗುತ್ತದೆ ಎಂದು ಅವನಿಗೆ ಗೊತ್ತಿತ್ತು. ಎಲ್ಲ ಮುಗಿದು ನುಮಾತಾ "ಚೆನ್ನಾಗಿದೆ" ಎಂದಾಗ ಇಸೊಕಿಚಿಯ ಬೆನ್ನು ಬೆವರಿಗೆ ಒದ್ದೆಯಾಗಿತ್ತು.

ಸಾಮಾನು ಕಟ್ಟುವಾಗ ಗೆನ್ನೊಜೊ ಕರೆದ. ಗೋಡೆಗೆ ಒರಗಿ ಕೂತಿದ್ದ, ವಿಗ್ಗು ತೆಗೆದು ತೊಡೆಯ ಮೇಲಿಟ್ಟುಕೊಂಡಿದ್ದ, ಬೋಳುತಲೆಯ ಅಂಚಿನಲ್ಲಿ ಬಿಳಿ ಬಣ್ಣ ಒಡೆದು ನಿಂತಿತ್ತು. ಬಲಗೈ ಮತ್ತೆ ತೋಳಿನೊಳಗೆ. ಅದು ಠೀವಿಯಲ್ಲ ಎಂದು ಈಗ ಕಂಡಿತು. ಒಳಗೆ ಭುಜವನ್ನು ಬಟ್ಟೆಯಿಂದ ಬಿಗಿದಿದ್ದರು.

"ಈಗಿಂದು ಒಂದೂವರೆ," ಎಂದ ಗೆನ್ನೊಜೊ. "ಕೊನೆಗೆ ಒಂದೇ ಸುತ್ತಿಗೆ ಇಳಿಸ್ದೆ. ಬೆಳಿಗ್ಗೆದು ಎರಡು."

ಇಸೊಕಿಚಿ ಕೈಯಲ್ಲಿದ್ದ ಹಗ್ಗವನ್ನು ನೆಲಕ್ಕಿಟ್ಟ.

"ಕಿವಿ ಇದೆ ಕಣೋ ನಂಗೆ. ನಮ್ಮ ಸಿನಿಮಾಕ್ಕೆ ಮಾತಿಲ್ಲ ನಿಜ, ನಿನ್ನ ಯಂತ್ರಕ್ಕೆ ಸದ್ದಿಲ್ವಾ? ಆರು ವರ್ಷದಿಂದ ಆ ಕಟಕಟ ಕೇಳ್ಕೊಂಡೇ ಬೀಸ್ತಿದೀನಿ. ಅದು ಇಳಿದಾಗೆಲ್ಲ, ಸರಿ, ಮುದುಕನ ಮೇಲೆ ಇವನಿಗೆ ಇವತ್ತೂ ಕರುಣೆ ಬಂತು ಅಂದ್ಕೊಳ್ತಿದ್ದೆ. ಒಂದಿನ ಬಾಯ್ಬಿಟ್ಟು ಹೇಳ್ತೀಯೇನೋ ಅಂತ ಕಾದೆ. ಬೇಕಂತ್ಲೇ ಕೆಣಕ್ದೆ. ಇವತ್ತು ಬೆಳಿಗ್ಗೆ ನಿಮ್ಮಪ್ಪನ್ನೂ ಎಳೆದು ತಂದೆ, ತಪ್ಪು ಮಾಡ್ದೆ. ನೀನು ನಗ್ತೀಯಲ್ಲೋ! ನಾನಾಗೇ ಕೇಳೋಕೆ ನಂಗೆ ಮುಖ ಇರ್ಲಿಲ್ಲ."

"ಯಜಮಾನ್ರೇ..."

"ತಡಿ. ಬೆಳಿಗ್ಗೆ ಹಿಡಿಕೆ ಎರಡು ಸುತ್ತಿಗೆ ಏರ್ತು. ಮೊದಲ್ನೇ ಹೊಡೆತಕ್ಕೇ ತಿಳೀತು. ಓ, ಇಸೊ ಇವತ್ತು ನನ್ನ ನಂಬ್ದ ಅಂದ್ಕೊಂಡೆ. ಭುಜ ಹೋದ್ರೆ ಹೋಗ್ಲಿ ಅಂತ ಬೀಸ್ದೆ. ಕುದುರೆಯಿಂದ ಬೀಳೋದಕ್ಕೆ ಮುಂಚೆ ಬೀಸ್ತಿದ್ನಲ್ಲ, ಹಂಗೆ. ಅದಕ್ಕಿಂತ ಚೆನ್ನಾಗೇ ಏನೋ. ಬೇಕಾದ್ರೆ ಅವ್ರನ್ನ ಕೇಳು, ಬೀಳೋಕೆ ಪುರುಸೊತ್ತು ಕೊಡ್ಲಿಲ್ಲ ನಾನು. ಒಂಬತ್ತನೇವನ ಹತ್ರ ಒಳಗೆ ಏನೋ ಕಿತ್ತು ಬಂತು, ಬಿಡ್ಲಿಲ್ಲ." ಗೆನ್ನೊಜೊ ವಿಗ್ಗಿನ ಕೂದಲನ್ನು ಎಡಗೈ ಬೆರಳಿನಿಂದ ಸವರಿದ. "ಇನ್ನು ಈ ಕೈ ಏಳಲ್ಲ. ಇರ್ಲಿ ಬಿಡು. ಬೆಳಕು ಅದಾಗೇ ಹೊಕ್ತಾ, ನೀನೇ ಬಿಟ್ಯಾ ಅಂತ ನಾನು ಕೇಳಲ್ಲ. ಇಷ್ಟು ಹೇಳು ಸಾಕು. ಎದುರಿಗೇ ನಿಂತಿದ್ದೋನು ನೀನು. ನೋಡಿದ್ಯಲ್ಲ. ಹೆಂಗಿತ್ತು?"

ಹೇಗಿತ್ತು ಎಂದರೆ ಹಿಡಿಕೆಯ ಹಿತ್ತಾಳೆ ಮಿರುಗುತ್ತಿತ್ತು, ತನ್ನ ಹೆಬ್ಬೆರಳ ಉಗುರಿನಲ್ಲಿ ಮಣ್ಣಿತ್ತು. ಬೆಳಗಿನಿಂದ ಇಸೊಕಿಚಿಗೆ ಆ ಕಾಳಗದ ಬಗ್ಗೆ ನೆನಪಿದ್ದದ್ದು ಅಷ್ಟೇ. ಮಿಂಚಿನ ಹಾಗಿತ್ತು ಎಂದು ಹೇಳಿದರೆ ಮುದುಕ ನಂಬುತ್ತಾನೆ. ಆ ಮಾತು ಬಾಯಿಯವರೆಗೂ ಬಂತು. ಇಳೀತು ನೋಡು, ಎಂದು ಗೋಡೆಯಾಚೆಯಿಂದ ಅಪ್ಪ ಅಂದಂತಾಯಿತು.

"ನಾನು ನೋಡ್ಲಿಲ್ಲ ಯಜಮಾನ್ರೇ," ಎಂದ. "ಎರಡರಲ್ಲಿ ತಿರುಗಿಸ್ದೆ. ಕಣ್ಣು ಹಿಡಿಕೆ ಮೇಲಿತ್ತು. ನಾನು ನೋಡ್ಲೇ ಇಲ್ಲ."

ಗೆನ್ನೊಜೊ ವಿಗ್ಗನ್ನು ತೊಡೆಯಿಂದ ಪಕ್ಕಕ್ಕಿಟ್ಟ. ಆಮೇಲೆ, "ಒಂದು ತುಂಡೂ ಉಳೀಲಿಲ್ವಾ?" ಎಂದು ಕೇಳಿದ. ಇಸೊಕಿಚಿ ತೋಳಿನ ಜೇಬಿನಿಂದ ಪಟ್ಟಿ ತೆಗೆದು ಎರಡು ಕೈಯಲ್ಲಿ ಹಿಡಿದು ಕೊಟ್ಟ. ಗೆನ್ನೊಜೊ ಅದನ್ನು ಎಡಗೈಯಲ್ಲಿ ಎತ್ತಿ, ಗೋಡೆಯ ಮೇಲೆ ಉಳಿದಿದ್ದ ಬಿಸಿಲಿಗೆ ಹಿಡಿದು, ಒಂದು ಕಣ್ಣು ಮುಚ್ಚಿ ಮೊದಲ ಚಿತ್ರದಿಂದ ಹದಿನಾರನೆಯದರವರೆಗೆ ಒಂದೊಂದಾಗಿ ನೋಡಿದ.

"ಇದ್ರಲ್ಲಿ ನಾನು ಸುಮ್ನೆ ನಿಂತಿದೀನಿ," ಎಂದು ಪಟ್ಟಿಯನ್ನು ವಾಪಸು ಕೊಟ್ಟ.